ಮಿರಾ ಫುರ್ಲಾನ್: ಬೆಲ್‌ಗ್ರೇಡ್‌ನಲ್ಲಿ ಒಂದು ನಾಟಕ, ಮತ್ತು ಉಳಿದ ಬದುಕು

ಮಿರಾ ಫುರ್ಲಾನ್ 2021ರ ಜನವರಿ 20ರಂದು ಲಾಸ್ ಏಂಜಲೀಸ್‌ನಲ್ಲಿ, ವೆಸ್ಟ್ ನೈಲ್ ವೈರಸ್ ಸೋಂಕು ತಂದೊಡ್ಡಿದ ತೊಂದರೆಗಳಿಂದ, ತಮ್ಮ 65ನೆಯ ವಯಸ್ಸಿನಲ್ಲಿ ತೀರಿಕೊಂಡಾಗ ಇಂಗ್ಲಿಷ್ ಪತ್ರಿಕೆಗಳೆಲ್ಲ ಅವರನ್ನು ಒಂದೇ ಸಾಲಿನಲ್ಲಿ ಪರಿಚಯಿಸಿದವು: 'ಬ್ಯಾಬಿಲಾನ್ 5' ಮತ್ತು 'ಲಾಸ್ಟ್' ಧಾರಾವಾಹಿಗಳ ನಟಿ. ಸುದ್ದಿಯೇನೋ ಸರಿಯಾಗಿಯೇ ಇತ್ತು. ನಮ್ಮಲ್ಲೂ ಇಂಗ್ಲಿಷ್ ಧಾರಾವಾಹಿಗಳನ್ನು ನೋಡುತ್ತ ಬೆಳೆದವರಿಗೆ ಅವರ ಮುಖ ಪರಿಚಯವಾದದ್ದು ಇವೆರಡರಿಂದಲೇ. ಆದರೆ 'ಬ್ಯಾಬಿಲಾನ್ 5'ರ ಮೊದಲ ಚಿತ್ರ ಪ್ರಸಾರವಾದ 1993ರ ಫೆಬ್ರವರಿಯಲ್ಲಿ ಅವರಿಗೆ ಆಗಲೇ 37 ವರ್ಷವಾಗಿತ್ತು. ಅಷ್ಟರೊಳಗೆ ಅವರು ಯುಗೊಸ್ಲಾವಿಯಾ ಎಂಬ ಒಂದು ಇಡೀ ದೇಶದ ಮುಂಚೂಣಿಯ ತಾರೆಯಾಗಿದ್ದರು, ಆ ದೇಶವೂ ಭೂಪಟದಿಂದ ಅಳಿಸಿಹೋಗಿತ್ತು.

ಅವರನ್ನು ಬಲ್ಲ ಅಭಿಮಾನಿಗಳಲ್ಲಿ ಇನ್ನೊಂದು ಗುಂಪಿದೆ. ಈ ಗುಂಪಿನವರು ಮಿರಾ ಅವರನ್ನು ಯುದ್ಧವನ್ನು ಎದುರಿಸಿ ನಿಂತ ಶಾಂತಿದೂತೆಯೆಂದು ಬಣ್ಣಿಸುತ್ತಾರೆ. ನನಗೆ ಈ ಚಿತ್ರವೂ ಒಪ್ಪಿಗೆಯಿಲ್ಲ. ಆ ದೇಶ ಒಡೆದು ಯುದ್ಧ ಹೊತ್ತಿಕೊಂಡ 1991ರ ಶರತ್ಕಾಲದಲ್ಲಿ ಅವರು ಮೆರವಣಿಗೆ ಹೊರಡಿಸಲಿಲ್ಲ, ಪಕ್ಷ ಕಟ್ಟಲಿಲ್ಲ. ಒಪ್ಪಿಕೊಂಡಿದ್ದ ನಾಟಕದಲ್ಲಿ, ಒಪ್ಪಿಕೊಂಡಿದ್ದ ಊರಿನಲ್ಲಿ, ಒಪ್ಪಿಕೊಂಡಿದ್ದ ದಿನ ಹೋಗಿ ಪಾತ್ರ ಮಾಡಿ ಬಂದರು. ಕೆಲಸಕ್ಕೆ ಹೋದದ್ದೇ ಅಪರಾಧವಾದ ಕಥೆ ಅವರದು, ಮತ್ತು ಅದು ಶಾಂತಿದೂತೆಯ ಕಥೆಗಿಂತ ಹೆಚ್ಚು ದಿಗಿಲು ಹುಟ್ಟಿಸುವಂಥದ್ದು. ಅವರ ನಂತರದ ಪಾತ್ರಗಳನ್ನೆಲ್ಲ ನಾನು ಈ ಘಟನೆಯ ಬೆಳಕಿನಲ್ಲಿಯೇ ನೋಡುತ್ತೇನೆ.

ಮಿರಾ ಹುಟ್ಟಿದ್ದು 1955ರ ಸೆಪ್ಟೆಂಬರ್ 7ರಂದು, ಆಗ ಯುಗೊಸ್ಲಾವಿಯಾ ಒಕ್ಕೂಟದ ಭಾಗವಾಗಿದ್ದ ಕ್ರೊಯೇಷಿಯಾದ ರಾಜಧಾನಿ ಝಾಗ್ರೆಬ್‌ನಲ್ಲಿ. ವಿದ್ಯಾವಂತರ ಮನೆತನ, ತಾಯಿಯ ಕಡೆಯವರು ಯಹೂದಿ ಮೂಲದವರು. ಝಾಗ್ರೆಬ್‌ನ ನಾಟಕ ಅಕಾಡೆಮಿಯಲ್ಲಿ ಕಲಿತು, ಅದೇ ನಗರದ ಕ್ರೊಯೇಷಿಯನ್ ರಾಷ್ಟ್ರೀಯ ರಂಗಮಂದಿರದ ಕಲಾವಿದರ ತಂಡವನ್ನು ಸೇರಿಕೊಂಡರು. ಆ ಪ್ರದೇಶಗಳಲ್ಲಿ ರಾಷ್ಟ್ರೀಯ ರಂಗಮಂದಿರದ ಕಲಾವಿದೆಯಾಗುವುದೆಂದರೆ ಸಂಬಳದ ಕಾಯಂ ನೌಕರಿ, ಊರಿನಲ್ಲಿ ಗಣ್ಯ ಸ್ಥಾನ. ಸ್ಪ್ಲಿಟ್ ನಗರದ ಬದುಕನ್ನು ಹೇಳುವ 'ವೇಲೊ ಮಿಸ್ತೊ' ಎಂಬ ಜನಪ್ರಿಯ ಟಿವಿ ಧಾರಾವಾಹಿ ಅವರನ್ನು ಮನೆಮನೆಗೆ ತಲುಪಿಸಿತು. 1982ರಲ್ಲಿ ಅಂತುನ್ ವರ್ದೋಲ್ಯಾಕ್ ನಿರ್ದೇಶಿಸಿದ 'ಕಿಕ್ಲೋಪ್' ಚಿತ್ರದಲ್ಲಿ ನಟಿಸಿದರು. ನಡುವೆ 1983ರಲ್ಲಿ ಒಂದು ವಾದ್ಯತಂಡದೊಂದಿಗೆ ಹಾಡಿ ಆಲ್ಬಮ್ ಕೂಡ ತಂದರು. ನಟಿಯರು ಹವ್ಯಾಸಕ್ಕೆ ಹಾಡುವ ಹಾಡುಗಳ ಬಗ್ಗೆ ನನಗೆ ಸಾಮಾನ್ಯವಾಗಿ ಭಯವಿದೆ, ಆದರೆ ಅವರ ಧ್ವನಿಯ ಕೆಳಸ್ತರದ ಒರಟು ಅಲ್ಲಿಯೂ ಚೆನ್ನಾಗಿ ಕೇಳುತ್ತದೆ.

ಜಗತ್ತು ಅವರನ್ನು ಮೊದಲು ನೋಡಿದ್ದು 1985ರಲ್ಲಿ, ಕಾನ್ ಉತ್ಸವದ ಪಾಮ್ ದೋರ್ ಪ್ರಶಸ್ತಿ ಗೆದ್ದ ಎಮಿರ್ ಕುಸ್ತುರಿತ್ಸಾ ಅವರ 'ವೆನ್ ಫಾದರ್ ವಾಸ್ ಅವೇ ಆನ್ ಬಿಸಿನೆಸ್' ಚಿತ್ರದಲ್ಲಿ. ಯುಗೊಸ್ಲಾವಿಯಾದ ನಾಯಕ ಟಿಟೊ ಮತ್ತು ಸೋವಿಯತ್ ನಾಯಕ ಸ್ಟಾಲಿನ್ 1948ರಲ್ಲಿ ಬೇರೆಯಾದ ನಂತರದ ಸಾರಾಯೆವೊ ನಗರ ಕಥೆಯ ನೆಲೆ. ನಿನ್ನೆಯವರೆಗೆ ಸ್ಟಾಲಿನ್‌ಗೆ ಜೈ ಎಂದವರು ಇಂದು ಹಾಗೆ ಎಂದರೆ ಜೈಲು. ಮೆಶಾ ಎಂಬ ಸಂಸಾರವಂದಿಗ ಪತ್ರಿಕೆಯೊಂದರ ವ್ಯಂಗ್ಯಚಿತ್ರ ನೋಡಿ, ಇದು ಸ್ವಲ್ಪ ಅತಿಯಾಯಿತು ಎಂಬರ್ಥದ ಒಂದು ಮಾತನ್ನು ತನ್ನ ಪ್ರೇಯಸಿ ಅಂಕಿತ್ಸಾಳ ಮುಂದೆ ಆಡುತ್ತಾನೆ. ಹೆಂಡತಿಯನ್ನು ಬಿಟ್ಟು ತನ್ನೊಡನೆ ಬರಲೊಲ್ಲದ ಅವನ ಮೇಲಿನ ಸಿಟ್ಟಿನಲ್ಲಿ ಅವಳು ಆ ಮಾತನ್ನು ಅಧಿಕಾರದಲ್ಲಿರುವ ಅವನ ಭಾವಮೈದುನನ ಕಿವಿಗೆ ಹಾಕುತ್ತಾಳೆ. ಮೆಶಾ ಗಣಿ ಕೆಲಸದ ಶಿಕ್ಷೆಗೆ ಹೋಗುತ್ತಾನೆ. ಮಕ್ಕಳಿಗೆ ಮಾತ್ರ ಅಪ್ಪ ಕೆಲಸದ ಮೇಲೆ ಪರವೂರಿಗೆ ಹೋಗಿದ್ದಾನೆಂದು ಹೇಳಲಾಗುತ್ತದೆ.

ಅಂಕಿತ್ಸಾ ಮಿರಾ ಅವರ ಪಾತ್ರ. ಕಾಗದದ ಮೇಲೆ ಅವಳು ಬರೀ ಚಾಡಿಕೋರಳು. ಚಿತ್ರದ ನೈತಿಕ ತೂಕವೆಲ್ಲ ಮಿರ್ಯಾನಾ ಕರಾನೊವಿಚ್ ಮಾಡಿದ ಹೆಂಡತಿಯ ಪಾತ್ರದ ಕಡೆಗಿದೆ. ಆದರೂ ಅಂಕಿತ್ಸಾಳನ್ನು ದ್ವೇಷಿಸಲು ನಮಗೆ ಆಗುವುದಿಲ್ಲ, ಏಕೆಂದರೆ ತಾನು ಆಡಿದ ಮಾತಿಗೆ ಸರ್ಕಾರ ಕೊಡಲಿರುವ ಬೆಲೆ ಎಷ್ಟು ದೊಡ್ಡದೆಂಬುದು ಅವಳಿಗೆ ಹೊಳೆಯುವ ಗಳಿಗೆಯನ್ನು ಮಿರಾ ಮುಖದ ಒಂದು ಸಣ್ಣ ಸಡಿಲಿಕೆಯಲ್ಲಿ ತೋರಿಸಿಬಿಡುತ್ತಾರೆ. ಮನೆಯೊಳಗಿನ ಹೊಟ್ಟೆಕಿಚ್ಚು ರಾಜಕೀಯ ಆಪಾದನೆಯಾಗಿ ರೂಪಾಂತರಗೊಳ್ಳುವ ಬಗೆಯನ್ನು ತೋರಿಸಿದ ಈ ನಟಿ ಆರೇ ವರ್ಷಗಳ ನಂತರ ಅಂಥದೇ ಯಂತ್ರದ ಇನ್ನೊಂದು ತುದಿಗೆ ಸಿಕ್ಕಿಕೊಂಡರು ಎಂಬುದನ್ನು ಈಗ ಮರೆತು ಚಿತ್ರವನ್ನು ನೋಡುವುದು ಕಷ್ಟ.

ಮರುವರ್ಷವೇ ಝಿವ್ಕೊ ನಿಕೊಲಿಚ್ ಅವರ 'ಲೆಪೋತಾ ಪೊರೋಕಾ' ಬಂತು. ನನ್ನ ಲೆಕ್ಕದಲ್ಲಿ ಅವರ ಅತ್ಯುತ್ತಮ ಚಿತ್ರಪಾತ್ರ ಇದು. ಮಾಂಟೆನೆಗ್ರೊದ ಬೆಟ್ಟದೂರಿನಲ್ಲಿ ವ್ಯಭಿಚಾರಕ್ಕೆ ಸಿಕ್ಕಿಬಿದ್ದ ಹೆಂಡತಿಯ ತಲೆಯ ಮೇಲೆ ರೊಟ್ಟಿಯಿಟ್ಟು ಗಂಡನೇ ಸುತ್ತಿಗೆಯಿಂದ ಹೊಡೆದು ಕೊಲ್ಲಬೇಕೆಂಬ ಪದ್ಧತಿಯಿದೆ ಎಂಬಲ್ಲಿಂದ ಚಿತ್ರ ಶುರುವಾಗುತ್ತದೆ. ಆ ಊರಿನ ಯಾಗ್ಲಿಕಾ ಎಂಬ ಹೆಣ್ಣುಮಗಳು ಗಂಡನೊಂದಿಗೆ ಹೊಟ್ಟೆಪಾಡಿಗಾಗಿ ಕಡಲತೀರಕ್ಕೆ ಇಳಿದು ಬಂದು, ವಿದೇಶಿ ಪ್ರವಾಸಿಗರು ಬಟ್ಟೆಯಿಲ್ಲದೆ ತಿರುಗಾಡುವ ವಿಹಾರಧಾಮವೊಂದರಲ್ಲಿ ಕೆಲಸಕ್ಕೆ ಸೇರುತ್ತಾಳೆ. ಅಗ್ಗದ ಹಾಸ್ಯಕ್ಕೆ ಜಾರಿಬಿಡಬಹುದಾದ ವಸ್ತು. ಚಿತ್ರ ಅಲ್ಲಲ್ಲಿ ಜಾರುವುದೂ ಉಂಟು. ಅದನ್ನು ಎತ್ತಿ ಹಿಡಿಯುವುದು ಮಿರಾ. ಮೈಯನ್ನು ಮುಚ್ಚಿಕೊಂಡೇ ಬದುಕಿದವಳು ತನ್ನ ಮೈ ತನ್ನದೆಂದು ಕಂಡುಕೊಳ್ಳುವ ಬೆರಗನ್ನೂ, ಆ ಬೆರಗಿಗೆ ತೆರಬೇಕಾದ ದಂಡದ ಅರಿವನ್ನೂ ಅವರು ಬಹುಪಾಲು ಮೌನದಲ್ಲಿಯೇ ಅಭಿನಯಿಸಿದ್ದಾರೆ. ಈ ಪಾತ್ರಕ್ಕೆ ಅವರಿಗೆ ಪೂಲಾ ಚಿತ್ರೋತ್ಸವದ 'ಚಿನ್ನದ ಅರೇನಾ' ಪ್ರಶಸ್ತಿ ಬಂತು. ಇಸ್ಟ್ರಿಯಾ ಕರಾವಳಿಯ ಪೂಲಾ ಪಟ್ಟಣದ ರೋಮನ್ ಕಾಲದ ಬಯಲು ರಂಗದಲ್ಲಿ ನಡೆಯುತ್ತಿದ್ದ ಆ ಉತ್ಸವ ಯುಗೊಸ್ಲಾವಿಯಾದ ಎಲ್ಲ ಗಣರಾಜ್ಯಗಳ ಸಿನಿಮಾದವರೂ ಸೇರುತ್ತಿದ್ದ ಜಾಗವಾಗಿತ್ತು. ಸಾರಾಯೆವೊದ ನಿರ್ದೇಶಕ, ಬೆಲ್‌ಗ್ರೇಡ್‌ನ ನಾಯಕ, ಝಾಗ್ರೆಬ್‌ನ ನಟಿ ಒಂದೇ ಚಿತ್ರದಲ್ಲಿರುವುದು ಆಗ ಯಾರಿಗೂ ವಿಶೇಷವೆನಿಸುತ್ತಿರಲಿಲ್ಲ. 1991ರಲ್ಲಿ ಆ ಉತ್ಸವವೇ ರದ್ದಾಯಿತು.

ಅವರ ಖಾಸಗಿ ಬದುಕೂ ಎರಡು ನಗರಗಳ ನಡುವೆ ಹಂಚಿಹೋಗಿತ್ತು. ಪತಿ ಗೋರಾನ್ ಗಾಯಿಚ್ ಒಕ್ಕೂಟದ ಇನ್ನೊಂದು ಗಣರಾಜ್ಯ ಸೆರ್ಬಿಯಾದವರು, ಅದರ ರಾಜಧಾನಿ ಬೆಲ್‌ಗ್ರೇಡ್‌ನ ನಿರ್ದೇಶಕರು. ಝಾಗ್ರೆಬ್‌ಗೂ ಬೆಲ್‌ಗ್ರೇಡ್‌ಗೂ ಸುಮಾರು 400 ಕಿಲೋಮೀಟರ್ ದೂರ. ಎರಡನ್ನೂ ಬೆಸೆಯುವ ಹೆದ್ದಾರಿಗೆ ಟಿಟೊ ಕಾಲದಲ್ಲಿ 'ಸೋದರತೆ ಮತ್ತು ಏಕತೆ' ಎಂದು ಹೆಸರಿಟ್ಟಿದ್ದರು. ಮಿರಾ ಎರಡೂ ಕಡೆಯ ರಂಗಮಂದಿರಗಳಲ್ಲಿ ಪಾತ್ರ ಮಾಡುತ್ತಿದ್ದರು. 1991ರ ಜೂನ್ 25ರಂದು ಕ್ರೊಯೇಷಿಯಾ ಸ್ವಾತಂತ್ರ್ಯ ಘೋಷಿಸಿತು. ಆಗಸ್ಟ್ ಕೊನೆಯಲ್ಲಿ ಯುಗೊಸ್ಲಾವ್ ಸೇನೆ ಮತ್ತು ಸೆರ್ಬ್ ಪಡೆಗಳು ಕ್ರೊಯೇಷಿಯಾದ ವುಕೊವಾರ್ ನಗರಕ್ಕೆ ಮುತ್ತಿಗೆ ಹಾಕಿದವು. ಹೆದ್ದಾರಿ ಮುಚ್ಚಿತು, ಫೋನ್ ಸಂಪರ್ಕ ಕಡಿಯಿತು. ಒಂದು ನಗರದಿಂದ ಇನ್ನೊಂದಕ್ಕೆ ಹೋಗಬೇಕಾದವರು ಹಂಗೇರಿಯನ್ನು ಸುತ್ತಿ ಬರಬೇಕಾಯಿತು.

ಆ ಸೆಪ್ಟೆಂಬರಿನಲ್ಲಿ ಬೆಲ್‌ಗ್ರೇಡ್‌ನ ಅಂತರರಾಷ್ಟ್ರೀಯ ನಾಟಕೋತ್ಸವ ಬಿಟೆಫ್‌ನಲ್ಲಿ ಮಿರಾ ಪಾತ್ರ ಮಾಡಿದರು. ನಾಟಕ 17ನೆಯ ಶತಮಾನದ ಫ್ರೆಂಚ್ ಕವಿ ಪಿಯೆರ್ ಕಾರ್ನೇಯ್ ಬರೆದ 'ಇಲ್ಯೂಸಿಯೋಂ ಕೊಮಿಕ್'. ನಿರ್ದೇಶಕರು ಮ್ಯಾಸಿಡೋನಿಯಾದ ಸ್ಲೊಬೊದಾನ್ ಉಂಕೊವ್ಸ್ಕಿ. ಕಳೆದುಹೋದ ಮಗನನ್ನು ಹುಡುಕುವ ತಂದೆಗೆ ಮಾಂತ್ರಿಕನೊಬ್ಬ ಮಗನ ಬದುಕನ್ನು ತೋರಿಸುತ್ತಾನೆ. ಮಗ ಕೊಲೆಯಾದದ್ದನ್ನು ನೋಡಿ ತಂದೆ ಕಂಗಾಲಾಗುತ್ತಾನೆ. ಕೊನೆಗೆ ಅದು ನಾಟಕದೊಳಗಿನ ಸಾವು, ಮಗ ನಟನಾಗಿದ್ದಾನೆ ಎಂದು ತಿಳಿಯುತ್ತದೆ. ನಟನೆ ಮರ್ಯಾದಸ್ಥರ ವೃತ್ತಿಯೇ ಎಂಬ ಪ್ರಶ್ನೆಗೆ ಹೌದು ಎಂದು ವಾದಿಸುವ ನಾಟಕವದು. ಆ ತಿಂಗಳು ಅದರಲ್ಲಿ ಪಾತ್ರ ಮಾಡಿದ್ದಕ್ಕೆ ಝಾಗ್ರೆಬ್‌ನ ಪತ್ರಿಕೆಗಳು ಮಿರಾ ಅವರನ್ನು ದೇಶದ್ರೋಹಿ ಎಂದವು. ಅವರ ನಡತೆಯ ಬಗ್ಗೆ ಕೊಳಕು ಬರಹಗಳು ಬಂದವು. ಫೋನಿನಲ್ಲಿ ಕೊಲೆ ಬೆದರಿಕೆಗಳು ತುಂಬಿಕೊಂಡವು. ರಾಷ್ಟ್ರೀಯ ರಂಗಮಂದಿರ ಅವರನ್ನು ಕೆಲಸದಿಂದ ತೆಗೆದುಹಾಕಿತು.

ನವೆಂಬರಿನಲ್ಲಿ 'ದನಾಸ್' ಎಂಬ ಝಾಗ್ರೆಬ್‌ನ ವಾರಪತ್ರಿಕೆಯಲ್ಲಿ ಅವರು ತಮ್ಮ ನಗರದವರಿಗೆ ಒಂದು ಬಹಿರಂಗ ಪತ್ರ ಬರೆದರು. ತಮ್ಮ ವಿರುದ್ಧದ ಈ ಸಣ್ಣ ಅಭಿಯಾನದಲ್ಲಿ ಮನಃಪೂರ್ವಕವಾಗಿ ಕೈಜೋಡಿಸಿದ ಸಹನಾಗರಿಕರಿಗೆ ವಂದನೆ ಹೇಳುತ್ತಲೇ ಅದು ತೊಡಗುತ್ತದೆ. ಯುದ್ಧವೊಂದೇ ದಾರಿ ಎಂಬುದನ್ನು ಒಪ್ಪಲು ತಮಗಾಗದು, ಬಲವಂತವಾಗಿ ದ್ವೇಷಿಸಲು ತಮಗೆ ಬಾರದು ಎಂದು ಅವರು ಅದರಲ್ಲಿ ಹೇಳಿದರು. ಬೇಡಿಕೊಳ್ಳುವ ದನಿ ಅಲ್ಲೆಲ್ಲೂ ಇಲ್ಲ. ನೊಂದವರ ಕಹಿಯಿದೆ, ಜಂಬವೂ ಸ್ವಲ್ಪ ಇದೆ ಎಂದು ನನಗೆ ಅನಿಸಿದೆ, ಮತ್ತು ಆ ಜಂಬ ನನಗೆ ಇಷ್ಟವಾಗಿದೆ. ಅದೇ ತಿಂಗಳು ದಂಪತಿ ನ್ಯೂಯಾರ್ಕಿಗೆ ಹೊರಟುಹೋದರು.

ಇಲ್ಲಿ ಝಾಗ್ರೆಬ್‌ನ ಜನರ ಪರವಾಗಿಯೂ ಹೇಳಬೇಕಾದ್ದಿದೆ. ಆ ಸೆಪ್ಟೆಂಬರಿನಲ್ಲಿ ಅವರ ನಗರದಲ್ಲಿ ವಾಯುದಾಳಿಯ ಸೈರನ್‌ಗಳು ಕೂಗುತ್ತಿದ್ದವು. ಅಕ್ಟೋಬರ್ 7ರಂದು ಯುಗೊಸ್ಲಾವ್ ವಾಯುಪಡೆ ಕ್ರೊಯೇಷಿಯಾ ಸರ್ಕಾರದ ಕಟ್ಟಡದ ಮೇಲೆಯೇ ಬಾಂಬ್ ಹಾಕಿತು. ಅದೇ ತಿಂಗಳು ಡುಬ್ರೊವ್ನಿಕ್ ಮೇಲೆ ಶೆಲ್ ದಾಳಿ ಶುರುವಾಯಿತು, ನವೆಂಬರ್ 18ರಂದು ವುಕೊವಾರ್ ಬಿತ್ತು. ಆ ದಾಳಿಗಳ ಆಜ್ಞೆ ಹೊರಡುತ್ತಿದ್ದದ್ದು ಬೆಲ್‌ಗ್ರೇಡ್‌ನಿಂದ. ಮಗನನ್ನು ಯುದ್ಧಭೂಮಿಗೆ ಕಳಿಸಿದ ಒಬ್ಬ ತಾಯಿಗೆ, ತನ್ನ ಊರಿನ ಹೆಸರಾಂತ ನಟಿ ಬೆಲ್‌ಗ್ರೇಡ್‌ನಲ್ಲಿ ಚಪ್ಪಾಳೆ ಗಿಟ್ಟಿಸುತ್ತಿದ್ದಾಳೆಂದು ಓದಿದಾಗ ಹೊಟ್ಟೆ ಉರಿದಿದ್ದರೆ ಅದನ್ನು ತಪ್ಪೆನ್ನಲು ನನಗೆ ಬಾಯಿಲ್ಲ. ಆ ಒಂದು ತಿಂಗಳು ಅವರು ಸುಮ್ಮನಿರಬಹುದಿತ್ತಲ್ಲ ಎಂದು ಕೇಳುವವರು ಇಂದಿಗೂ ಇದ್ದಾರೆ. ಆದರೆ ಆ ತಾಯಿಯ ಸಂಕಟಕ್ಕೂ, ಸಂಪಾದಕೀಯ ಕಚೇರಿಯಲ್ಲಿ ಕುಳಿತು ಒಬ್ಬ ಹೆಣ್ಣಿನ ಚಾರಿತ್ರ್ಯವನ್ನು ಹರಾಜಿಗಿಟ್ಟವರ ಉತ್ಸಾಹಕ್ಕೂ ನಡುವೆ ಬಹಳ ಅಂತರವಿದೆ. ಟ್ಯಾಂಕುಗಳನ್ನು ತಡೆಯಲಾಗದ ಸಿಟ್ಟು ಕೈಗೆ ಸಿಗುವ ಗುರಿಯನ್ನು ಹುಡುಕಿಕೊಂಡಿತು; ಸಿಕ್ಕದ್ದು ಒಬ್ಬ ನಟಿ. ಗಂಡ ಸೆರ್ಬ್ ಎಂಬುದು, ಆಕೆ ತೆರೆಯ ಮೇಲೆ ಮೈತೋರಿಸಿದ್ದಳೆಂಬುದು ಆ ಗುರಿಯನ್ನು ಇನ್ನಷ್ಟು ಸುಲಭವಾಗಿಸಿತು. ಮರುವರ್ಷ ಡಿಸೆಂಬರಿನಲ್ಲಿ ಝಾಗ್ರೆಬ್‌ನ 'ಗ್ಲೋಬುಸ್' ಪತ್ರಿಕೆ ಸ್ಲಾವೆಂಕಾ ದ್ರಾಕುಲಿಚ್, ದುಬ್ರಾವ್ಕಾ ಉಗ್ರೆಶಿಚ್ ಮೊದಲಾದ ಐವರು ಲೇಖಕಿಯರನ್ನು ಮಾಟಗಾತಿಯರೆಂದು ಕರೆದು, ಅವರ ಖಾಸಗಿ ವಿವರಗಳನ್ನು ಅಚ್ಚುಹಾಕಿತು. ಇದನ್ನು ನೋಡಿದರೆ ಮಿರಾ ಪ್ರಕರಣ ಒಂಟಿಯಾದದ್ದಲ್ಲವೆಂದು ತಿಳಿಯುತ್ತದೆ. ಆ ಕಾಲದಲ್ಲಿ ದೇಶದ್ರೋಹದ ಆಪಾದನೆ ಹೆಂಗಸರ ಮೇಲೆ ಬಿದ್ದಾಗಲೆಲ್ಲ ಅದರ ಬೆನ್ನಿಗೇ ಶೀಲದ ಆಪಾದನೆಯೂ ಬರುತ್ತಿತ್ತು.

ವಲಸೆ ಎಲ್ಲರಿಗೂ ಕಷ್ಟವೇ. ನಟರ ಕಷ್ಟ ಇನ್ನೊಂದು ಬಗೆಯದು. ಎಂಜಿನಿಯರ್ ತನ್ನ ಗಣಿತವನ್ನು ಜೊತೆಗೆ ಕೊಂಡೊಯ್ಯಬಹುದು; ನಟಿ ತನ್ನ ಉಚ್ಚಾರಣೆಯನ್ನು ಕೊಂಡೊಯ್ಯುತ್ತಾಳೆ, ಮತ್ತು ಅದೇ ಅವಳ ಅಡ್ಡಿಯಾಗುತ್ತದೆ. ಅಮೆರಿಕದ ಟಿವಿಗೆ ಮಿರಾ ಅವರ ಇಂಗ್ಲಿಷ್ ಎಲ್ಲಿಯದೋ ಒಂದು ದೂರದ ಇಂಗ್ಲಿಷ್. ಹಾಗಾಗಿ ಅವರಿಗೆ ಹೆಸರು ತಂದ ಎರಡು ಪಾತ್ರಗಳಲ್ಲಿ ಒಂದು ಅನ್ಯಗ್ರಹದ ರಾಯಭಾರಿ, ಇನ್ನೊಂದು ದ್ವೀಪದಲ್ಲಿ ಸಿಕ್ಕಿಬಿದ್ದ ಫ್ರೆಂಚ್ ಹೆಂಗಸು. ಝಾಗ್ರೆಬ್‌ನ ಪಕ್ಕದ ಮನೆಯವಳಾಗಿ ಕಾಣಿಸಿಕೊಳ್ಳುವ ಅವಕಾಶ ಆ ದೊಡ್ಡ ಉದ್ಯಮದಲ್ಲಿ ಇರಲಿಲ್ಲ.

ಆದರೆ ರಾಯಭಾರಿ ಡೆಲೆನ್ ಪಾತ್ರವನ್ನು ಅವರು ಏನು ಮಾಡಿದರೆಂಬುದು ಗಮನಿಸಬೇಕಾದದ್ದು. 'ಬ್ಯಾಬಿಲಾನ್ 5'ರ ಕರ್ತೃ ಜೆ. ಮೈಕಲ್ ಸ್ಟ್ರಝಿನ್ಸ್ಕಿ ಮೊದಲು ಡೆಲೆನ್‌ಳನ್ನು ಗಂಡು ಪಾತ್ರವಾಗಿ ಯೋಚಿಸಿದ್ದರು. ನಟಿಯೊಬ್ಬಳು ಅದನ್ನು ಮಾಡಬೇಕು, ಧ್ವನಿಯನ್ನು ಯಂತ್ರದಿಂದ ಬದಲಿಸಬೇಕು, ಮುಂದೆ ಆ ಪಾತ್ರ ಹೆಣ್ಣಾಗಿ ಮಾರ್ಪಡಬೇಕು ಎಂಬುದು ಯೋಜನೆ. ಧ್ವನಿಯ ಪ್ರಯೋಗ ಸರಿಬರದೆ ಅದನ್ನು ಕೈಬಿಟ್ಟರು. ಪ್ರೇಕ್ಷಕರ ಅದೃಷ್ಟ. ತಲೆಯ ಮೇಲೆ ಮೂಳೆಯ ಕಿರೀಟದಂಥ ರಬ್ಬರು, ಮುಖದ ಅರ್ಧ ಚಲನೆ ಬಣ್ಣದಡಿಯಲ್ಲಿ ಮುಚ್ಚಿಹೋಗಿರುವಾಗ ನಟಿಯ ಬಳಿ ಉಳಿದದ್ದು ಕಣ್ಣು ಮತ್ತು ಧ್ವನಿ ಮಾತ್ರ. 1994ರಿಂದ 1998ರವರೆಗೆ ಐದು ಸೀಸನ್‌ಗಳಲ್ಲಿ ಹರಡಿದ ಕಥೆಯಲ್ಲಿ ಡೆಲೆನ್‌ಳ ಗುಟ್ಟು ನಿಧಾನವಾಗಿ ಬಯಲಾಗುತ್ತದೆ: ತನ್ನ ಗುರು ಮನುಷ್ಯರ ಗುಂಡಿಗೆ ಬಲಿಯಾದ ಗಳಿಗೆಯಲ್ಲಿ, ದುಃಖದ ಉನ್ಮಾದದಲ್ಲಿ, ಕರುಣೆ ಬೇಡ ಎಂದು ನಿರ್ಣಾಯಕ ಮತ ಹಾಕಿ ಮನುಕುಲದ ಮೇಲಿನ ಯುದ್ಧವನ್ನು ಹೊತ್ತಿಸಿದವಳು ಇವಳೇ. ಉಳಿದ ಬದುಕೆಲ್ಲ ಆ ಒಂದು ಕ್ಷಣದ ಪ್ರಾಯಶ್ಚಿತ್ತ.

ಹೊಸ ರಾಷ್ಟ್ರಗಳ ಸಿಟ್ಟಿನಿಂದ ಓಡಿಬಂದ ನಟಿ, ಬೋಸ್ನಿಯಾ ಹೊತ್ತಿ ಉರಿಯುತ್ತಿದ್ದ ವರ್ಷಗಳಲ್ಲಿ, ಕ್ಯಾಲಿಫೋರ್ನಿಯಾದ ಸ್ಟುಡಿಯೊವೊಂದರಲ್ಲಿ ಯುದ್ಧ ಹೊತ್ತಿಸಿದವಳ ಪಾತ್ರವನ್ನು ಇಷ್ಟು ಒಳಗಿನಿಂದ ಮಾಡಿದರು. ಬಲಿಪಶುವಿನ ಪಾತ್ರ ಅವರಿಗೆ ಸುಲಭವಾಗಿ ಒಗ್ಗುತ್ತಿತ್ತು. ಆಪಾದಿತಳ ಪಾತ್ರ ಸಿಕ್ಕಿತು. ತನ್ನ ಜನರೇ ತನ್ನನ್ನು ಸಭೆಯಿಂದ ಹೊರಹಾಕುವ ದೃಶ್ಯಗಳಲ್ಲಿ ಡೆಲೆನ್ ಕಣ್ಣೀರು ಸುರಿಸುವುದಿಲ್ಲ. ಬೆನ್ನು ನೆಟ್ಟಗಿರುತ್ತದೆ, ಮಾತು ಇನ್ನೂ ಮೆಲ್ಲಗಾಗುತ್ತದೆ. ಆ ನಿಲುವು ಅವರಿಗೆ ಎಲ್ಲಿಂದ ಬಂತೆಂದು ಊಹಿಸಲು 'ದನಾಸ್'ನ ಪತ್ರವನ್ನು ಓದಿದವರಿಗೆ ಕಷ್ಟವಾಗಲಾರದು.

'ಲಾಸ್ಟ್'ನ ಡೇನಿಯಲ್ ರೂಸೋ ಬಗ್ಗೆ ನನ್ನ ಅಭಿಪ್ರಾಯ ಮಿಶ್ರವಾದದ್ದು. 2004ರಲ್ಲಿ ಶುರುವಾದ ಆ ಧಾರಾವಾಹಿಯಲ್ಲಿ ರೂಸೋ 16 ವರ್ಷ ದ್ವೀಪದ ಕಾಡಿನಲ್ಲಿ ಒಂಟಿಯಾಗಿ ಕಳೆದವಳು. ಅವಳ ಎಳೆಗೂಸನ್ನು ಯಾರೋ ಕಿತ್ತುಕೊಂಡು ಹೋಗಿದ್ದಾರೆ. ನವೀನ್ ಆಂಡ್ರ್ಯೂಸ್ ಜೊತೆಗಿನ ಮೊದಲ ಕಂತು ಬಹುಪಾಲು ಇಬ್ಬರ ನಾಟಕದಂತೆಯೇ ನಡೆಯುತ್ತದೆ. ಮನುಷ್ಯರ ಧ್ವನಿ ಕೇಳಿಯೇ ವರ್ಷಗಳಾದ ಹೆಂಗಸು ಮಾತನ್ನು ಹುಡುಕಿ ಹುಡುಕಿ ಆಡುವ ರೀತಿಯಲ್ಲಿ ರಂಗಭೂಮಿಯ ತರಬೇತಿ ಎದ್ದು ಕಾಣುತ್ತದೆ. ಮೂರನೆಯ ಸೀಸನ್ನಿನ ಕೊನೆಯಲ್ಲಿ ಬೆಳೆದ ಮಗಳನ್ನು ಮೊದಲ ಸಲ ಎದುರುಗೊಂಡಾಗ ಅವಳು ಅಳುತ್ತ ತಬ್ಬಿಕೊಳ್ಳುವುದಿಲ್ಲ. ಮಗಳ ಮುಖವನ್ನು ಮುಟ್ಟಿ ನೋಡಿ, ಸೆರೆಸಿಕ್ಕವನನ್ನು ಕಟ್ಟಿಹಾಕಲು ನೆರವಾಗುತ್ತೀಯಾ ಎಂದು ಕೇಳುತ್ತಾಳೆ. ಇಡೀ ಧಾರಾವಾಹಿಯಲ್ಲಿ ನನಗೆ ಅದಕ್ಕಿಂತ ಇಷ್ಟವಾದ ಕ್ಷಣವಿಲ್ಲ. ಆದರೆ ಮರು ಸೀಸನ್ನಿನಲ್ಲಿಯೇ ಬರಹಗಾರರು ಅವಳನ್ನು ಕಾಡಿನಲ್ಲಿ ಎಲ್ಲಿಂದಲೋ ಬಂದ ಗುಂಡಿಗೆ ಕೆಡವಿದರು. ಅವಳ ಹಿಂದಿನ ಕಥೆಯನ್ನು ಐದನೆಯ ಸೀಸನ್ನಿನಲ್ಲಿ ಕಿರಿಯ ನಟಿಯೊಬ್ಬಳಿಂದ ಹೇಳಿಸಿದರು. ಇಷ್ಟು ದೊಡ್ಡ ನಟಿ ಕೈಯಲ್ಲಿದ್ದೂ ಅವರಿಗೆಂದೇ ಒಂದು ಪೂರ್ತಿ ಕಂತನ್ನು ಬರೆಯದೆ ಹೋದದ್ದನ್ನು ನಾನು ಜಿಪುಣತನವೆಂದೇ ಭಾವಿಸುತ್ತೇನೆ.

ದೇಶ ಬಿಟ್ಟ ಹನ್ನೊಂದು ವರ್ಷಗಳಿಗೆ, 2002ರಲ್ಲಿ, ಅವರು ಕ್ರೊಯೇಷಿಯಾದ ರಂಗಕ್ಕೆ ಮರಳಿದರು. ಕರೆದವರು ರಾಡೆ ಶೆರ್ಬೆಜಿಯಾ. ಅವರೂ ತೊಂಬತ್ತರ ದಶಕದಲ್ಲಿ ಇಂಥದೇ ದ್ವೇಷಕ್ಕೆ ಗುರಿಯಾಗಿ ಊರು ಬಿಟ್ಟಿದ್ದ ನಟ. ಒಂದು ಕಾಲಕ್ಕೆ ಟಿಟೊ ಬೇಸಿಗೆ ಕಳೆಯುತ್ತಿದ್ದ ಬ್ರಿಯೂನಿ ದ್ವೀಪಗಳಲ್ಲಿ ಅವರು ಕಟ್ಟಿದ 'ಯುಲಿಸಿಸ್' ರಂಗತಂಡದ ನಾಟಕಗಳಿಗೆ ಪ್ರೇಕ್ಷಕರು ದೋಣಿಯಲ್ಲಿ ಹೋಗಬೇಕು. ಲೆಂಕಾ ಉದೊವಿಚ್ಕಿ ನಿರ್ದೇಶನದಲ್ಲಿ ಮಿರಾ ಅಲ್ಲಿ ಗ್ರೀಕ್ ನಾಟಕದ ಮಿಡಿಯಾ ಆದರು: ಪರದೇಶದ ಹೆಂಗಸು, ಗಡೀಪಾರಿನ ಆಜ್ಞೆ ಕೇಳಿಸಿಕೊಳ್ಳುವವಳು. ಪಾತ್ರದ ಆಯ್ಕೆಯಲ್ಲಿ ಸಂಕೋಚವೇನೂ ಇರಲಿಲ್ಲ ಎಂಬುದು ಸ್ಪಷ್ಟ.

2008ರಲ್ಲಿ ಬೆಲ್‌ಗ್ರೇಡ್‌ನ ಗೋರಾನ್ ಮಾರ್ಕೊವಿಚ್ ಅವರ 'ತುರ್ನೇಯಾ' ಬಂತು. 1993ರ ಚಳಿಗಾಲದಲ್ಲಿ ಬೆಲ್‌ಗ್ರೇಡ್‌ನ ಕೆಲವು ನಟರು ನಾಲ್ಕು ಕಾಸು ಸಿಗುತ್ತದೆಂದು ಯುದ್ಧಪ್ರದೇಶಕ್ಕೆ ನಾಟಕವಾಡಲು ಹೋಗಿ ಒಂದಾದ ಮೇಲೊಂದು ಸೈನ್ಯದ ಕೈಗೆ ಸಿಕ್ಕುವ ಕಥೆ. ನಾಟಕ ಮಾಡಲು ಗಡಿ ದಾಟಿದ್ದಕ್ಕೆ ದೇಶವನ್ನೇ ಕಳೆದುಕೊಂಡವರು ಇಲ್ಲಿ ಸೆರ್ಬಿಯಾದ ನಟಿಯಾಗಿ ಅದೇ ಕೆಲಸಕ್ಕೆ ಹೊರಡುತ್ತಾರೆ, ಅದೂ ನಗೆಚಿತ್ರದಲ್ಲಿ. ನನಗಂತೂ ಅವರು ಬರೆದ ಯಾವ ಪತ್ರಕ್ಕಿಂತಲೂ ಈ ಪಾತ್ರವೇ 1991ಕ್ಕೆ ಕೊಟ್ಟ ಗಟ್ಟಿಯಾದ ಉತ್ತರ, ಏಕೆಂದರೆ ಇಲ್ಲಿನ ನಟರಲ್ಲಿ ಯಾರೂ ವೀರರಲ್ಲ. ಭಯಸ್ಥರು, ಜಗಳಗಂಟರು, ಸಂಭಾವನೆಯ ಲೆಕ್ಕ ಹಾಕುವವರು.

2010ರಲ್ಲಿ ದಾನಿಸ್ ತಾನೊವಿಚ್ ಅವರ 'ಸಿರ್ಕುಸ್ ಕೊಲುಂಬಿಯಾ'ದಲ್ಲಿ ಅವರ ಎದುರು ನಟಿಸಿದವರು ಮಿಕಿ ಮನೋಯ್ಲೊವಿಚ್, ಅಂದರೆ 1985ರ ಚಿತ್ರದಲ್ಲಿ ಅಂಕಿತ್ಸಾಳ ಪ್ರಿಯಕರನಾಗಿದ್ದ ಅದೇ ಮೆಶಾ. ಯುದ್ಧಕ್ಕೆ ಮುಂಚಿನ ಹರ್ಜೆಗೊವಿನಾ. ಜರ್ಮನಿಯಲ್ಲಿ ದುಡ್ಡು ಮಾಡಿ ಹಿಂದಿರುಗಿದ ಗಂಡ ಹೊಸ ಗೆಳತಿಯನ್ನೂ ಕರಿಬೆಕ್ಕನ್ನೂ ಕರೆತಂದು, ಇಷ್ಟು ವರ್ಷ ಮನೆ ಕಾದ ಹೆಂಡತಿ ಲೂತ್ಸಿಯಾಳನ್ನು ಮನೆಯಿಂದ ಹೊರಹಾಕಿಸುತ್ತಾನೆ. ಸಾಮಾನು ಬೀದಿಗೆ ಬೀಳುವಾಗ ಮಿರಾ ಅವರ ಮುಖ ನೋಡಬೇಕು. ಅವಮಾನವನ್ನು ಅವರು ಸಿಟ್ಟಿನೊಂದಿಗೆ ಬೆರೆಸುವುದಿಲ್ಲ, ಎರಡನ್ನೂ ಬೇರೆಬೇರೆಯಾಗಿ ಇಡುತ್ತಾರೆ.

ಸ್ಪ್ಲಿಟ್ ನಗರದ ವ್ಯಂಗ್ಯ ಪತ್ರಿಕೆ 'ಫೆರಾಲ್ ಟ್ರಿಬ್ಯೂನ್'ಗೆ ಅವರು ಅಂಕಣವನ್ನೂ ಬರೆದರು. ಹುಟ್ಟಿದ ದೇಶದ ಕಥೆಯನ್ನು ಅಮೆರಿಕದಲ್ಲಿ ಹುಟ್ಟಿದ ಮಗನಿಗಾಗಿ ಬರೆದ ಆತ್ಮಕಥೆ ಅವರು ತೀರಿಕೊಂಡ ಮೇಲೆ, 2021ರಲ್ಲಿ ಪ್ರಕಟವಾಯಿತು. ಇಂದು ಕ್ರೊಯೇಷಿಯಾ ಅವರನ್ನು ತನ್ನ ಹೆಮ್ಮೆಯ ಕಲಾವಿದೆಯರ ಸಾಲಿನಲ್ಲಿ ಸೇರಿಸಿಕೊಳ್ಳುತ್ತದೆ. ಸತ್ತ ಮೇಲೆ ಸಿಗುವ ಇಂಥ ಕ್ಷಮೆಯ ಬಗ್ಗೆ ನನಗೆ ಹೆಚ್ಚು ಉತ್ಸಾಹವಿಲ್ಲ. ಕೆಲಸದಿಂದ ತೆಗೆದಾಗ ಅವರಿಗೆ 36 ವರ್ಷ, ನಟಿಯೊಬ್ಬಳು ತನ್ನ ಭಾಷೆಯ ರಂಗದಲ್ಲಿ ದೊಡ್ಡ ಪಾತ್ರಗಳನ್ನು ಒಂದೊಂದಾಗಿ ಎತ್ತಿಕೊಳ್ಳಬೇಕಾದ ವಯಸ್ಸು. ಆ ಹನ್ನೊಂದು ವರ್ಷಗಳ ಪಾತ್ರಗಳು ಯಾವ ಪತ್ರಾಗಾರದಲ್ಲಿಯೂ ಸಿಗುವುದಿಲ್ಲ.

ಡೆಲೆನ್‌ಳನ್ನು ಮಾತ್ರ ಬಲ್ಲ ಗೆಳೆಯರು ಮುಂದೆ ಏನು ನೋಡಬೇಕೆಂದು ಕೇಳುತ್ತಾರೆ. ಮೊದಲು ಕುಸ್ತುರಿತ್ಸಾ ಚಿತ್ರ, ಆಮೇಲೆ ನಡುವಿನದನ್ನೆಲ್ಲ ಬಿಟ್ಟು ನೇರವಾಗಿ ತಾನೊವಿಚ್ ಚಿತ್ರ. ಒಂದೇ ಜೋಡಿ ನಟರು, ನಡುವೆ ಇಪ್ಪತ್ತೈದು ವರ್ಷ. 'ಲೆಪೋತಾ ಪೊರೋಕಾ'ದ ಸಬ್‌ಟೈಟಲ್ ಇರುವ ಒಳ್ಳೆಯ ಪ್ರತಿ ಯಾರ ಬಳಿಯಾದರೂ ಇದ್ದರೆ ದಯವಿಟ್ಟು ತಿಳಿಸಿ, ನಾನು ನೋಡಿದ ಪ್ರತಿಯಲ್ಲಿ ಕಡಲಿನ ದೃಶ್ಯಗಳೆಲ್ಲ ಮಸುಕು.